22 ನಿಮಿಷ ಬರೀ ಮಾತಿನ ಕಿರುಚಿತ್ರ ಮಾಡಿದೆವು, ಆರನೇ ನಿಮಿಷಕ್ಕೆ ಆಕಳಿಕೆ ಶುರು. ಎಲ್ಲಿ ತಪ್ಪಿದೆ ಹೇಳಿ

ತೋಟದಮನೆ ಹುಡುಗ

ಎಲ್ಲರಿಗೂ ನಮಸ್ಕಾರ. ಊರು ತಿಪಟೂರು ಹತ್ತಿರ, ಕೆಲಸ ತುಮಕೂರಲ್ಲಿ. ನಾಲ್ಕು ಜನ ಗೆಳೆಯರು ಕೈಯಿಂದ ದುಡ್ಡು ಹಾಕಿ ಒಂದು ಪ್ರಾಯೋಗಿಕ ಕಿರುಚಿತ್ರ ಮಾಡಿದೆವು. ಕಥೆ ಅಂತ ಏನೂ ಇಲ್ಲ. ದೇವರಾಯನದುರ್ಗದ ಬಂಡೆ ಮೇಲೆ ಇಬ್ಬರು ಹುಡುಗರು ಕೂತು ಮಾತಾಡುತ್ತಾರೆ. 'ನಾನು' ಅನ್ನೋದೊಂದು ಇದೆ ಅಂತ ಒಬ್ಬ, ಇಲ್ಲ ಅಂತ ಇನ್ನೊಬ್ಬ. ಬೆಳಿಗ್ಗೆ ಶುರುವಾದ ಮಾತು ಹೊತ್ತು ಮುಳುಗುವಾಗ ಮುಗಿಯುತ್ತದೆ. ಒಟ್ಟು 22 ನಿಮಿಷ.

ಬರೆಯುವಾಗ ಮೈ ಜುಂ ಅಂದಿತ್ತು. ಮೊನ್ನೆ ಭಾನುವಾರ ಗೆಳೆಯನ ಮನೆ ಮಹಡಿಯಲ್ಲಿ ಬಿಳಿ ಪಂಚೆ ಕಟ್ಟಿ, ಪ್ರೊಜೆಕ್ಟರ್ ಬಾಡಿಗೆ ತಂದು ತೋರಿಸಿದೆವು. ಹದಿನೆಂಟು ಜನ ಬಂದಿದ್ದರು. ಆರನೇ ನಿಮಿಷಕ್ಕೆ ಮೊದಲ ಆಕಳಿಕೆ. ಹತ್ತನೇ ನಿಮಿಷಕ್ಕೆ ನಮ್ಮ ಚಿಕ್ಕಪ್ಪನ ಗೊರಕೆ. ಒಂದೇ ಒಂದು ಕಡೆ ಎಲ್ಲರೂ ನೆಟ್ಟಗೆ ಕೂತರು. ಒಂದು ಕೋತಿ ಬಂದು ನಟನ ಪಕ್ಕದಲ್ಲಿದ್ದ ಕಡಲೆಪುರಿ ಪೊಟ್ಟಣ ಎಳೆಯುತ್ತದೆ, ಅವನು ಮಾತಾಡುತ್ತಲೇ ಅದನ್ನ ಬಿಗಿಯಾಗಿ ಹಿಡಿದುಕೊಳ್ಳುತ್ತಾನೆ. ಅದು ಸ್ಕ್ರಿಪ್ಟಿನಲ್ಲಿ ಇರಲಿಲ್ಲ. ಬೇರೆ ಟೇಕ್ ಇಲ್ಲದ್ದಕ್ಕೆ ಬಿಟ್ಟಿದ್ದೆವು.

ಲಿಂಕ್ ಕೇಳಿದವರಿಗೆ ಕಳಿಸುತ್ತೇನೆ. ಬೈಯೋದಿದ್ದರೆ ಬೈಯಿರಿ, ಆದರೆ ಎಲ್ಲಿ ತಪ್ಪು ಅಂತ ಹೇಳಿ ಬೈಯಿರಿ.

ಕ್ಯಾತ್ಸಂದ್ರ ಲೋಕಲ್

ಕೋತಿಗೆ ಪೇಮೆಂಟ್ ಕೊಟ್ರಾ ಗುರು?

ಗುಬ್ಬಿ ಗ್ಯಾಲರಿ

ನೋಡಿದೆ. ಪೂರ್ತಿ ನೋಡಿದೆ, ಎರಡು ಸಲ ಟೀ ಕುಡಿದು. ನೇರವಾಗಿ ಹೇಳುತ್ತೇನೆ, ಬೇಜಾರು ಮಾಡ್ಕೋಬೇಡಿ. ಇದು ಸಿನಿಮಾ ಅಲ್ಲ, ರೇಡಿಯೋ ನಾಟಕಕ್ಕೆ ಚಿತ್ರ ಅಂಟಿಸಿದ್ದು. ಕಣ್ಣು ಮುಚ್ಚಿ ಕೇಳಿದರೂ ಏನೂ ನಷ್ಟ ಆಗಲಿಲ್ಲ.

ನಮ್ಮ ಗುಬ್ಬಿ ನಾಟಕ ಕಂಪನಿ ಶುರುವಾಗಿದ್ದು 1884ರಲ್ಲಿ. ಆಮೇಲೆ ವೀರಣ್ಣನವರ ಕಾಲದಲ್ಲಿ ಕುರುಕ್ಷೇತ್ರ ನಾಟಕಕ್ಕೆ ರಂಗದ ಮೇಲೆ ನಿಜವಾದ ಆನೆ, ಕುದುರೆ ತಂದು ನಿಲ್ಲಿಸಿದರು. ಜನ ನೋಡೋಕೆ ಬರುತ್ತಾರೆ ಅನ್ನೋದು ಅವರಿಗೆ ಗೊತ್ತಿತ್ತು. ಅಂಥ ಜಿಲ್ಲೆಯಲ್ಲಿ ಹುಟ್ಟಿ ನೀವು ಇಬ್ಬರನ್ನ ಬಂಡೆ ಮೇಲೆ ಕೂರಿಸಿ 22 ನಿಮಿಷ ಆತ್ಮದ ಬಗ್ಗೆ ಮಾತಾಡಿಸಿದರೆ ಚಿಕ್ಕಪ್ಪ ಗೊರಕೆ ಹೊಡೆಯದೆ ಇನ್ನೇನು ಮಾಡಬೇಕು?

ಗೂಳೂರಿನವಳು

ಗುಬ್ಬಿಯವರೇ, ಆನೆ ವಿಷಯ ಸರಿ. ಆದರೆ ಮಾತು ಅಂದರೆ ಜನಕ್ಕೆ ಬೇಡ ಅನ್ನೋದನ್ನ ನಾನು ಒಪ್ಪಲ್ಲ. ಗುಬ್ಬಿಗೆ ಕಂಪನಿ ಇದ್ದಂಗೆ ನಮ್ಮ ಗೂಳೂರಿಗೆ ಶೂನ್ಯ ಸಂಪಾದನೆ ಇದೆ. ಗೂಳೂರು ಅಂದ ತಕ್ಷಣ ಎಲ್ಲರೂ ದೊಡ್ಡ ಗಣಪತಿ ಅಂತಾರೆ. ಆದರೆ ಶೂನ್ಯ ಸಂಪಾದನೆಯ ನಾಲ್ಕು ಪರಿಷ್ಕರಣೆಗಳಲ್ಲಿ ಕೊನೆಯದು ಗೂಳೂರು ಸಿದ್ಧವೀರಣ್ಣೊಡೆಯರದು. ಆ ಪುಸ್ತಕದಲ್ಲಿ ಇರೋದೇ ಮಾತುಕತೆ. ಬಿಡಿಬಿಡಿ ವಚನಗಳನ್ನ ತಂದು, ಇವರು ಹೀಗೆ ಕೇಳಿದರು, ಅವರು ಹೀಗೆ ಉತ್ತರ ಕೊಟ್ಟರು ಅಂತ ಕೂಡಿಸಿದ್ದಾರೆ. ಈಗಿನ ಭಾಷೆಯಲ್ಲಿ ಹೇಳಬೇಕು ಅಂದರೆ ಅದು ಎಡಿಟಿಂಗ್ ಅಲ್ವಾ?

ಅದರಲ್ಲಿ ಮುಕ್ತಾಯಕ್ಕನ ಭಾಗ ಓದಿ. ಅಣ್ಣ ಅಜಗಣ್ಣ ತೀರಿಕೊಂಡಿದ್ದಾನೆ, ಆಕೆ ಅಳುತ್ತಾ ಕೂತಿದ್ದಾಳೆ. ಅಲ್ಲಮ ಬಂದು ಪ್ರಶ್ನೆ ಶುರು ಮಾಡುತ್ತಾನೆ. ಆಕೆ 'ಹೌದು ಗುರುವೇ' ಅಂತ ತಲೆ ಆಡಿಸಲ್ಲ. ಪ್ರತಿ ಹೆಜ್ಜೆಗೂ ತಿರುಗಿ ಹಾಕುತ್ತಾಳೆ. ಅದು ಬೋರ್ ಹೊಡೆಯಲ್ಲ. ಯಾಕೆ ಹೇಳಿ? ಸತ್ತಿರೋದು ಆಕೆಯ ಅಣ್ಣ.

ನಿಮ್ಮ ಬಂಡೆ ಮೇಲಿನ ಹುಡುಗರದ್ದು ಯಾರು ಸತ್ತಿದ್ದಾರೆ?

ತೋಟದಮನೆ ಹುಡುಗ

ಯಾರೂ ಇಲ್ಲ 😅

ಸರಿ, ನಾಚಿಕೆ ಬಿಟ್ಟು ಒಂದು ತುಣುಕು ಇಲ್ಲೇ ಹಾಕುತ್ತೇನೆ.

ಮೊದಲನೆಯವನು: ಅಸ್ತಿತ್ವದ ಅನಿವಾರ್ಯತೆಯೇ ಪ್ರಜ್ಞೆಯ ಬಂಧನವಲ್ಲವೇ?
ಎರಡನೆಯವನು: ಬಂಧನದ ಅರಿವೇ ಬಿಡುಗಡೆಯ ಮೊದಲ ಹೆಜ್ಜೆ.
ಮೊದಲನೆಯವನು: ಆದರೆ ಅರಿಯುವವನು ಯಾರು?

ಈಗ ಓದಿದರೆ ನನಗೇ ಕಿವಿ ಬಿಸಿ ಆಗುತ್ತಿದೆ.

ಕ್ಯಾತ್ಸಂದ್ರ ಲೋಕಲ್

ಇದನ್ನ ತಟ್ಟೆ ಇಡ್ಲಿ ತಿನ್ನುತ್ತಾ ಒಬ್ಬರಿಗೊಬ್ಬರು ಹೇಳಿ ನೋಡಿ. ಚಟ್ನಿ ಕೇಳೋ ಹೊತ್ತಿಗೆ ಅನಿವಾರ್ಯತೆ ಮರೆತುಹೋಗುತ್ತೆ.

ಇನ್ನೊಂದು. ಮೊದಲನೆಯವನ ಮಾತು ಎರಡನೆಯವನಿಗೆ, ಎರಡನೆಯವನದ್ದು ಮೊದಲನೆಯವನಿಗೆ ಕೊಟ್ಟು ಓದಿದೆ. ಏನೂ ವ್ಯತ್ಯಾಸ ಆಗಲಿಲ್ಲ. ಅಂದರೆ ಬಂಡೆ ಮೇಲೆ ಇರೋದು ಒಬ್ಬನೇ. ನೀವೇ.

ನಿವೃತ್ತ ಮೇಷ್ಟ್ರು

ಸ್ವಲ್ಪ ಉದ್ದ ಬರೆಯುತ್ತೇನೆ, ಅಭ್ಯಾಸ ಬಲ.

ಮಗು, ನೀನು ತತ್ವದ ಮಾತು ಅಂದ ತಕ್ಷಣ ಬೆಟ್ಟಕ್ಕೆ ಯಾಕೆ ಹೋದೆ? ನಮ್ಮ ಹಳೆಯ ಸಂವಾದಗಳು ಎಷ್ಟೋ ಮನೆಯ ತಾಪತ್ರಯದಲ್ಲಿ ಶುರುವಾಗುತ್ತವೆ. ನಚಿಕೇತನದ್ದೇ ನೋಡು. ಕಠೋಪನಿಷತ್ತು ತೆರೆದರೆ ಮೊದಲು ಕಾಣೋದು ಯಮನೂ ಅಲ್ಲ, ಆತ್ಮವೂ ಅಲ್ಲ, ಬಡಕಲು ಹಸುಗಳು. ನೀರು ಕುಡಿದು ಮುಗಿಸಿದ, ಹುಲ್ಲು ತಿಂದು ಮುಗಿಸಿದ, ಹಾಲು ಕರೆದು ಮುಗಿಸಿದ ಹಸುಗಳನ್ನ ಅಪ್ಪ ದಾನ ಕೊಡುತ್ತಿದ್ದಾನೆ. ಹುಡುಗನಿಗೆ ನಾಚಿಕೆ. 'ಅಪ್ಪಾ, ನನ್ನನ್ನ ಯಾರಿಗೆ ಕೊಡ್ತೀಯ?' ಅಂತ ಕೇಳುತ್ತಾನೆ. ಒಂದು ಸಲ ಅಲ್ಲ, ಮೂರು ಸಲ. ಅಪ್ಪನಿಗೆ ರೇಗಿ 'ಮೃತ್ಯುವಿಗೆ ಕೊಡ್ತೀನಿ ಹೋಗು' ಅಂದುಬಿಡುತ್ತಾನೆ. ನಮ್ಮ ಮನೆಗಳಲ್ಲಿ ಇಂಥ ಮಾತು ಎಷ್ಟು ಸಲ ಬಂದಿಲ್ಲ?

ಆಮೇಲೆ ಯಮನ ಮನೆಯಲ್ಲಿ ಮೂರು ರಾತ್ರಿ ಉಪವಾಸ ಕಾದು ಮೂರು ವರ ಸಿಗುತ್ತವೆ. ಸಾವಿನ ಪ್ರಶ್ನೆ ಮೂರನೆಯದು. ಮೊದಲ ವರ ಏನು ಗೊತ್ತಾ? ನಾನು ವಾಪಸ್ ಹೋದಾಗ ಅಪ್ಪನ ಕೋಪ ಇಳಿದಿರಲಿ, ನನ್ನನ್ನ ಗುರುತು ಹಿಡಿದು ಮಾತಾಡಿಸಲಿ. ಈ ಮೊದಲ ವರ ತೆಗೆದುಹಾಕಿದರೆ ಮೂರನೆಯದು ಬರೀ ಪಾಠ ಆಗುತ್ತದೆ. ಮೂವತ್ತು ವರ್ಷ ಪಾಠ ಮಾಡಿದವನಾಗಿ ಹೇಳುತ್ತಿದ್ದೇನೆ, ಪಾಠಕ್ಕೆ ಮಕ್ಕಳು ಮಲಗುತ್ತಾರೆ.

ಮೈತ್ರೇಯಿ ಇನ್ನೂ ಚೆನ್ನ. ಯಾಜ್ಞವಲ್ಕ್ಯ ಮನೆ ಬಿಟ್ಟು ಹೊರಟಿದ್ದಾನೆ, ಇಬ್ಬರು ಹೆಂಡಿರಿಗೆ ಆಸ್ತಿ ಪಾಲು ಮಾಡಬೇಕು. ಪಾಲಿನ ಮಾತಿನ ಮಧ್ಯೆ ಮೈತ್ರೇಯಿ ಕೇಳುತ್ತಾಳೆ, ಭೂಮಿ ತುಂಬ ಹಣ ಸಿಕ್ಕಿದರೆ ನಾನು ಸಾಯದೆ ಇರ್ತೀನಾ ಅಂತ. ಬೃಹದಾರಣ್ಯಕದ ಅಷ್ಟು ದೊಡ್ಡ ಚರ್ಚೆ ಹುಟ್ಟಿದ್ದು ಭಾಗಪತ್ರದಿಂದ.

ನಿನ್ನ ಚಿತ್ರದಲ್ಲಿ ಏನಾದರೂ ಬೇಕು ಅಂತ ಇದ್ದದ್ದು ಕೋತಿಗೆ ಮಾತ್ರ. ಅದಕ್ಕೇ ಜನ ಅದನ್ನ ನೋಡಿದರು.

ಗುಬ್ಬಿ ಗ್ಯಾಲರಿ

ಮೇಷ್ಟ್ರೇ, ನಾನು ಹೇಳಿದ್ದೂ ಇದೇ. ಕಥೆ ಬೇಕು.

ಗೂಳೂರಿನವಳು

ಅಲ್ಲ, ಅವರು ಕಥೆ ಬೇಕು ಅನ್ನಲಿಲ್ಲ. ಗರಜು ಬೇಕು ಅಂದರು. ಎರಡೂ ಬೇರೆ. 1981ರಲ್ಲಿ ಲೂಯಿ ಮಾಲ್ ಒಂದು ಚಿತ್ರ ಮಾಡಿದರು, 'ಮೈ ಡಿನ್ನರ್ ವಿತ್ ಆಂಡ್ರೆ'. ಇಬ್ಬರು ಹೋಟೆಲಿನಲ್ಲಿ ಕೂತು ಊಟ ಮಾಡುತ್ತಾ ಮಾತಾಡುತ್ತಾರೆ. ಹೆಚ್ಚೂಕಮ್ಮಿ ಅಷ್ಟೇ. ಎರಡು ಗಂಟೆಗೆ ಸ್ವಲ್ಪ ಕಡಿಮೆ. ಕಥೆ ಇಲ್ಲ. ಆದರೆ ಒಬ್ಬ ಊರೂರು ಅಲೆದು ಬದುಕು ಹುಡುಕಿದವನು, ಇನ್ನೊಬ್ಬ ಬಾಡಿಗೆ ಕಟ್ಟೋ ಚಿಂತೆಯವನು. ಆ ಮಾತು ಕೇಳಿದರೆ ಸುಮ್ನೆ ಹರಟೆ ಹೊಡೆದಂಗಿದೆ. ನಿಜಕ್ಕೂ ಎಲ್ಲ ಮೊದಲೇ ಬರೆದು ಬಾಯಿಪಾಠ ಮಾಡಿದ್ದು. ಅವರಿಬ್ಬರ ಮಾತನ್ನ ಅದಲುಬದಲು ಮಾಡೋಕೆ ಆಗಲ್ಲ.

ಗುಬ್ಬಿ ಗ್ಯಾಲರಿ

ಅಮೆರಿಕದಲ್ಲಿ ನಡೆಯುತ್ತೆ ಕಣಮ್ಮ. ಚಿಕ್ಕಪ್ಪನಿಗೆ ನಡೆಯಲ್ಲ.

ಸೌಂಡ್ ಸರಿಯಿಲ್ಲ

ತತ್ವ ನನಗೆ ಗೊತ್ತಿಲ್ಲ. ಮದುವೆ ವಿಡಿಯೋ ಎಡಿಟ್ ಮಾಡಿ ಹೊಟ್ಟೆ ಹೊರೆಯೋನು. ನಾನು ಕಂಡಿದ್ದು ಹೇಳುತ್ತೇನೆ.

ಮಾತಿನ ಚಿತ್ರದಲ್ಲಿ ಮಾತೇ ಕೇಳಿಸಲ್ಲ. ಬೆಟ್ಟದ ಗಾಳಿ ಮೈಕಿನ ಬಾಯಿಗೇ ಹೊಡೆದಿದೆ. ಮೈಕಿಗೆ ತುಪ್ಪಳದ ಟೋಪಿ ಹಾಕಬೇಕಿತ್ತು. ಅದಿಲ್ಲದೆ ನೀವು ಆಮೇಲೆ ಡಬ್ ಮಾಡಿದ್ದೀರ, ಗೊತ್ತಾಗುತ್ತೆ. ಡಬ್ಬಿಂಗ್‌ನಲ್ಲಿ ಏನು ಹೋಗುತ್ತೆ ಅಂದರೆ ಉಸಿರು ಹೋಗುತ್ತೆ. ಮನುಷ್ಯ ಉತ್ತರ ಕೊಡೋ ಮುಂಚೆ ಒಂದು ಉಸಿರು ಎಳ್ಕೋತಾನೆ. ಹೇಳಲೋ ಬೇಡವೋ ಅಂತ ನಾಲಿಗೆ ಒಂಚೂರು ಸದ್ದು ಮಾಡುತ್ತೆ. ಯೋಚನೆ ಕೇಳಿಸೋದು ಅಲ್ಲೇ. ನಿಮ್ಮ ಹುಡುಗರು ಸ್ಟುಡಿಯೋದಲ್ಲಿ ಹಾಳೆ ನೋಡಿ ಓದಿದ್ದಾರೆ. ಒಬ್ಬರದು ಮುಗಿದ ತಕ್ಷಣ ಇನ್ನೊಬ್ಬರದು ಶುರು. ಯಾರೂ ಯೋಚಿಸುತ್ತಿಲ್ಲ.

ಎರಡನೆಯದು. ಯಾರು ಮಾತಾಡುತ್ತಾರೋ ಅವರ ಮುಖ ತೋರಿಸಿದ್ದೀರ, ಪ್ರತಿ ಸಲ. ಟೆನಿಸ್ ಆಟ ನೋಡಿದಂಗೆ ಕತ್ತು ನೋವು ಬಂತು. ಮದುವೆ ವಿಡಿಯೋದಲ್ಲಿ ಮಂತ್ರ ಹೇಳೋರನ್ನ ನಾನು ಒಂದು ನಿಮಿಷ ತೋರಿಸುತ್ತೇನೆ. ಮಿಕ್ಕಿದ್ದೆಲ್ಲ ಹುಡುಗಿಯ ಅಮ್ಮನ ಮುಖ. ಮಂತ್ರ ಹಿಂದೆ ಓಡುತ್ತಿರುತ್ತೆ. ಕೇಳೋರ ಮೇಲೆ ಕ್ಯಾಮೆರಾ ಇಡಿ.

ಮೂರನೆಯದು ಸಣ್ಣದು. ಹನ್ನೆರಡನೇ ನಿಮಿಷದಲ್ಲಿ ಕ್ಯಾಮೆರಾ ಇಬ್ಬರ ನಡುವಿನ ಗೆರೆ ದಾಟಿದೆ. ಇಬ್ಬರೂ ಒಂದೇ ದಿಕ್ಕಿಗೆ ನೋಡಿಕೊಂಡು ಮಾತಾಡಿದಂಗೆ ಕಾಣುತ್ತೆ. ಬೇಕಂತ ಮಾಡಿದ್ರಾ?

ತೋಟದಮನೆ ಹುಡುಗ

ಬೇಕಂತ ಅಲ್ಲ, ಅಲ್ಲಿ ನೆರಳು ಬಂತು ಅಂತ ಜಾಗ ಬದಲಿಸಿದೆವು. ಪ್ರಾಯೋಗಿಕ ಅಂತ ಹೇಳಿ ತಪ್ಪಿಸಿಕೊಳ್ಳೋಣ ಅಂದುಕೊಂಡಿದ್ದೆ.

ಗೂಳೂರಿನವಳು

ಕೇಳೋರ ಮೇಲೆ ಕ್ಯಾಮೆರಾ ಅಂದಿದ್ದಕ್ಕೆ ನೆನಪಾಯಿತು. ಇರಾನಿನ ಕಿಯಾರೊಸ್ತಾಮಿ 1997ರಲ್ಲಿ 'ಟೇಸ್ಟ್ ಆಫ್ ಚೆರ್ರಿ' ಮಾಡಿದಾಗ ಕಾರಿನೊಳಗಿನ ಮಾತುಕತೆಗೆ ಇಬ್ಬರು ನಟರನ್ನ ಒಟ್ಟಿಗೆ ಕೂರಿಸಲೇ ಇಲ್ಲ. ಒಬ್ಬರನ್ನ ಚಿತ್ರಿಸುವಾಗ ಎದುರು ಸೀಟಿನಲ್ಲಿ ತಾವೇ ಕೂತು ಮಾತಿಗೆಳೆಯುತ್ತಿದ್ದರು. ಆಮೇಲೆ ಎಡಿಟಿಂಗ್‌ನಲ್ಲಿ ಇಬ್ಬರೂ ಮಾತಾಡಿದಂತೆ ಸೇರಿಸಿದರು. ಆ ವರ್ಷ ಕಾನ್ ಚಿತ್ರೋತ್ಸವದ ದೊಡ್ಡ ಪ್ರಶಸ್ತಿ ಹಂಚಿಕೊಂಡಿತು. ನಟನೆ ಬರದವರ ಜೊತೆ ಕೆಲಸ ಮಾಡೋರಿಗೆ ಒಳ್ಳೇ ಉಪಾಯ.

ತೋಟದಮನೆ ಹುಡುಗ

ನಾಲ್ಕು ದಿನದಿಂದ ಇದನ್ನೆಲ್ಲ ಓದುತ್ತಾ ಇದ್ದೇನೆ. ಒಂದು ವಿಷಯ ಹೇಳಲೋ ಬೇಡವೋ ಅಂತ ಇದ್ದೆ.

ನಮ್ಮ ಮನೆಯಲ್ಲಿ ಒಂದು ತಾಪತ್ರಯ ಇದೆ. ತಾತ ತೀರಿಕೊಂಡು ಹನ್ನೊಂದು ವರ್ಷ. ತೋಟದ ಪಹಣಿ ಇವತ್ತಿಗೂ ತಾತನ ಹೆಸರಲ್ಲೇ ಇದೆ. ಪೌತಿ ಖಾತೆ, ಅಂದರೆ ತೀರಿಕೊಂಡವರ ಹೆಸರಿಂದ ವಾರಸುದಾರರ ಹೆಸರಿಗೆ ಬದಲಾವಣೆ ಮಾಡಿಸಬೇಕು ಅಂತ ಅಪ್ಪ, ಚಿಕ್ಕಪ್ಪ ಇಬ್ಬರೂ ಹೇಳುತ್ತಲೇ ಇದ್ದಾರೆ. ಮರಣ ಪ್ರಮಾಣಪತ್ರ ಇದೆ. ವಂಶವೃಕ್ಷ ಮಾಡಿಸಬೇಕು, ನಾಡಕಚೇರಿಗೆ ಅರ್ಜಿ ಕೊಡಬೇಕು. ಅಜ್ಜಿ ಹೆಬ್ಬೆಟ್ಟು ಒತ್ತಲ್ಲ. ಪ್ರತಿ ಸಲ ಏನೋ ನೆಪ. ಬೆಳೆ ಸಾಲಕ್ಕೆ ತೊಂದರೆ ಆಗುತ್ತೆ ಅಂದರೂ ಕೇಳಲ್ಲ.

ಮೊನ್ನೆ ಊರಿಗೆ ಹೋದಾಗ ನಾನೇ ಕೇಳಿದೆ, ಯಾಕಜ್ಜಿ ಅಂತ. ಅಜ್ಜಿ ಕೊಬ್ಬರಿ ಅಟ್ಟದ ಕೆಳಗೆ ಕೂತು ತೆಂಗಿನಕಾಯಿ ಆರಿಸುತ್ತಿದ್ದಳು. ತಲೆ ಎತ್ತದೆ ಅಂದಳು: 'ಕಾಗದಕ್ಕೆ ಗೊತ್ತಿಲ್ಲ ಕಣ್ಲಾ ಅವರು ಹೋಗಿದ್ದು. ನಾನಾಗಿ ಯಾಕೆ ಹೇಳಲಿ?'

ನಾನು ಬಂಡೆ ಮೇಲೆ 22 ನಿಮಿಷ ಮಾತಾಡಿಸಿದ್ದು ಇದನ್ನೇ ಅಲ್ವಾ?

ನಿವೃತ್ತ ಮೇಷ್ಟ್ರು

ಇದನ್ನ ಮಾಡು. ಬೇರೆ ಏನೂ ಬೇಡ.

ಕ್ಯಾತ್ಸಂದ್ರ ಲೋಕಲ್

ಈ ಸಲ ತಮಾಷೆ ಮಾಡಲ್ಲ.

ಮಧುಗಿರಿ ಕಲ್ಲು

ಇಷ್ಟು ದಿನ ಸುಮ್ಮನೆ ಓದುತ್ತಿದ್ದೆ. ಕಂದಾಯದ ಕಾಗದಪತ್ರ ನೋಡೋ ಕೆಲಸ ನನ್ನದು. ಎರಡು ಮಾತು ಚಿತ್ರಕ್ಕೆ ಉಪಯೋಗ ಆಗಬಹುದು.

ಪಹಣಿಯಲ್ಲಿ ಹೆಸರು ಇದೆ ಅಂದ ಮಾತ್ರಕ್ಕೆ ಅವರೇ ಮಾಲೀಕರು ಅಂತ ಅಲ್ಲ. ಅದು ಮುಖ್ಯವಾಗಿ ಕಂದಾಯಕ್ಕಾಗಿ ಇಟ್ಟ ದಾಖಲೆ, ಅದೊಂದರಿಂದಲೇ ಮಾಲೀಕತ್ವ ತೀರ್ಮಾನ ಆಗಲ್ಲ ಅಂತ ಕೋರ್ಟುಗಳು ಎಷ್ಟೋ ಸಲ ಹೇಳಿವೆ. ನಿಮ್ಮ ತಾತ ವಿಲ್ ಬರೆಯದೆ ಹೋಗಿದ್ದರೆ, ತೀರಿಕೊಂಡ ಗಳಿಗೆಯಲ್ಲೇ ಅವರ ಹಕ್ಕು ವಾರಸುದಾರರಿಗೆ ಬಂದಿದೆ. ಅಜ್ಜಿಗೂ ಸೇರಿ. ಕಾಗದ ಹಿಂದೆ ಉಳಿದಿದೆ, ಅಷ್ಟೇ. ಹೆಸರು ಒಂದು ಕಡೆ, ಒಡೆತನ ಒಂದು ಕಡೆ.

ಮೊಮ್ಮಗನಾಗಿ ಒಂದು ಮಾತು. ಚಿತ್ರ ಮುಗಿದ ಮೇಲೆ ಖಾತೆ ಮಾಡಿಸಿ. ಇನ್ನೊಂದು ತಲೆಮಾರು ದಾಟಿದರೆ ವಂಶವೃಕ್ಷ ಉದ್ದ ಆಗುತ್ತೆ, ಸಹಿ ಹಾಕೋರು ನಾಲ್ಕು ಊರಲ್ಲಿ ಇರುತ್ತಾರೆ.

ಗುಬ್ಬಿ ಗ್ಯಾಲರಿ

ಅಜ್ಜಿ ಪಾತ್ರಕ್ಕೆ ರಂಗಭೂಮಿ ಕಲಾವಿದೆ ಬೇಕಿದ್ದರೆ ನನಗೆ ಪರಿಚಯದವರು ಇದ್ದಾರೆ.

ತೋಟದಮನೆ ಹುಡುಗ

ಅಜ್ಜಿನೇ ಮಾಡುತ್ತಾಳೆ ಅಂದುಕೊಂಡಿದ್ದೇನೆ. ಗೂಳೂರಿನವರು ಹೇಳಿದ ಉಪಾಯ. ಎದುರಿಗೆ ನಾನೇ ಕೂರುತ್ತೇನೆ.

ಗೂಳೂರಿನವಳು

ಕೇಳಿ ಮಾಡಿ. ಕದ್ದು ಚಿತ್ರಿಸಬೇಡಿ. ಕ್ಯಾಮೆರಾ ಇದೆ ಅಂತ ಅವರಿಗೆ ಗೊತ್ತಿರಲಿ, ಇದನ್ನ ಹತ್ತು ಜನ ನೋಡುತ್ತಾರೆ ಅಂತಲೂ ಗೊತ್ತಿರಲಿ.

ನಿವೃತ್ತ ಮೇಷ್ಟ್ರು

ಒಂದು ಎಚ್ಚರಿಕೆ. ಕೊಬ್ಬರಿ ಅಟ್ಟ ಅಂದೆ. ಒಣಗಿದ ಕೊಬ್ಬರಿ ಚಿಪ್ಪಿನಿಂದ ಬಿಟ್ಟುಕೊಂಡ ಹಾಗೆ ಜೀವ ದೇಹದಿಂದ ಬಿಟ್ಟುಕೊಳ್ಳಬೇಕು ಅನ್ನೋ ಹೋಲಿಕೆ ರಾಮಕೃಷ್ಣ ಪರಮಹಂಸರು ಆಗಲೇ ಹೇಳಿಬಿಟ್ಟಿದ್ದಾರೆ. ಪ್ರತಿ ಪ್ರವಚನದಲ್ಲೂ ಬರುತ್ತದೆ. ನಿನಗೆ ಅದನ್ನ ಅಜ್ಜಿ ಬಾಯಲ್ಲಿ ಹಾಕೋ ಆಸೆ ಬರುತ್ತದೆ. ಹಾಕಬೇಡ. ಕಾಯಿ ಕಾಯಿಯಾಗಿಯೇ ಇರಲಿ.

ಸೌಂಡ್ ಸರಿಯಿಲ್ಲ

ನಾನು ಬರುತ್ತೇನೆ, ಮೈಕ್ ನನ್ನದು. ಊಟ ಹಾಕಿದರೆ ಸಾಕು. ಒಳಗೆ ಟ್ಯೂಬ್‌ಲೈಟ್ ಇದ್ದರೆ ಶಟರ್ 50ನೇ ಒಂದು ಸೆಕೆಂಡಿಗೆ ಇಡಿ, ನಮ್ಮ ಕರೆಂಟ್ 50 ಹರ್ಟ್ಸ್. ಇಲ್ಲದಿದ್ದರೆ ಚಿತ್ರದಲ್ಲಿ ಪಟ್ಟೆ ಓಡುತ್ತೆ.

*(ಮೂರು ವಾರದ ನಂತರ)*

ತೋಟದಮನೆ ಹುಡುಗ

ಮುಗಿಯಿತು. 11 ನಿಮಿಷ ಆಗಿದೆ.

ಹೇಗಾಯಿತು ಅಂತ ಹೇಳುತ್ತೇನೆ. ನಮ್ಮ ಕಡೆ ಗೊತ್ತಿಲ್ಲದವರಿಗೆ: ಕೊಬ್ಬರಿಗೆ ಅಂತ ಕಾಯಿಯನ್ನ ಮಟ್ಟೆ (ಹೊರಗಿನ ನಾರಿನ ಸಿಪ್ಪೆ) ಸಮೇತ ಅಟ್ಟಕ್ಕೆ ಹಾಕಿ ಹತ್ತು ಹನ್ನೆರಡು ತಿಂಗಳು ಬಿಡುತ್ತೇವೆ. ಒಳಗಿನ ನೀರು ನಿಧಾನಕ್ಕೆ ಇಂಗುತ್ತದೆ. ಒಡೆದು ನೋಡೋ ಹಾಗಿಲ್ಲ, ಒಡೆದರೆ ಉಂಡೆ ಕೊಬ್ಬರಿ ಹೋಯಿತು. ಹಾಗಾಗಿ ಕಿವಿಯಲ್ಲೇ ಆರಿಸಬೇಕು. ಅಜ್ಜಿ ಒಂದೊಂದೇ ಕಾಯಿ ಎತ್ತಿ ಕಿವಿ ಹತ್ತಿರ ಅಲ್ಲಾಡಿಸುತ್ತಾಳೆ. ನೀರಿನ ಸದ್ದು ಬಂದರೆ ಎಡಕ್ಕೆ, ಇನ್ನೂ ಕಾಯಬೇಕು. ಒಳಗೆ ಗಟ್ಟಿಯಾಗಿ ಗಟಗಟ ಅಂದರೆ ಬಲಕ್ಕೆ, ಆಗಿದೆ. ಕೆಲವು ಏನೂ ಸದ್ದು ಮಾಡಲ್ಲ. ಅವನ್ನ ಮಡಿಲ ಹತ್ತಿರ ಬೇರೆ ಇಡುತ್ತಾಳೆ.

ಮೊದಲ ಅರ್ಧ ಗಂಟೆ ಅಜ್ಜಿ ಕ್ಯಾಮೆರಾ ನೋಡಿ ಸೆರಗು ಸರಿ ಮಾಡುತ್ತಲೇ ಇದ್ದಳು. ಆಮೇಲೆ ಕೈ ತನ್ನ ಪಾಡಿಗೆ ಕೆಲಸಕ್ಕೆ ಬಿತ್ತು. ನಾನು ಎದುರು ಕೂತು ಬರೆದುಕೊಂಡ ಪ್ರಶ್ನೆ ಕೇಳಿದೆ. ಒಂದೂ ನಡೆಯಲಿಲ್ಲ. ಕೊನೆಗೆ ಚೀಟಿ ಜೇಬಿಗೆ ಹಾಕಿ ಜಗಳಕ್ಕೇ ಬಿದ್ದೆ.

'ಸತ್ತವರ ಹೆಸರಲ್ಲಿ ಜಮೀನು ಇರಬಾರದು ಅಜ್ಜಿ.'

ಅಜ್ಜಿ ಒಂದು ಕಾಯಿ ಅಲ್ಲಾಡಿಸಿದಳು. ಎಡಕ್ಕಿಟ್ಟಳು.

'ಸತ್ತವರು ನೆಟ್ಟ ಮರದಲ್ಲಿ ಕಾಯಿ ಬರಬಹುದಾ?'

ನನ್ನ ಹತ್ತಿರ ಉತ್ತರ ಇರಲಿಲ್ಲ. ಚಿತ್ರದಲ್ಲೂ ಇಲ್ಲ. ಆ ಜಾಗದಲ್ಲಿ 40 ಸೆಕೆಂಡ್ ಯಾರೂ ಮಾತಾಡಲ್ಲ. ಕಾಯಿ ಸದ್ದು ಮಾತ್ರ. ಅಷ್ಟರಲ್ಲಿ ತೋಟಕ್ಕೆ ಕರೆಂಟ್ ಬಂದು ಮೋಟಾರ್ ಶುರುವಾಯಿತು. ನಾನು ಕಟ್ ಅನ್ನೋಕೆ ಹೋದೆ, ಸೌಂಡ್‌ನವರು ಕಾಲಲ್ಲಿ ಒದ್ದರು.

ಸೌಂಡ್ ಸರಿಯಿಲ್ಲ

ಒದೆಯಲಿಲ್ಲ, ತಟ್ಟಿದೆ. ಹನ್ನೊಂದು ವರ್ಷದ ಹಿಂದೆ ಹೋದವರ ಹೆಸರಿನ ಮೀಟರಿನಲ್ಲಿ ಮೋಟಾರ್ ಓಡುತ್ತಿದೆ, ಅದನ್ನ ಯಾರಾದರೂ ಕಟ್ ಮಾಡುತ್ತಾರಾ? ಇನ್ನೊಂದು ಹೇಳಬೇಕು. ಆ ಅಟ್ಟದ ಕೆಳಗೆ ರೆಕಾರ್ಡಿಂಗ್ ಸ್ಟುಡಿಯೋ ಥರ ಇತ್ತು. ಗೋಡೆಯುದ್ದಕ್ಕೂ ಮಟ್ಟೆ, ಸದ್ದು ವಾಪಸ್ ಹೊಡೆಯೋದೇ ಇಲ್ಲ.

ಗುಬ್ಬಿ ಗ್ಯಾಲರಿ

ನೋಡಿದೆ. ಈ ಸಲ ಟೀ ತಣ್ಣಗಾಯಿತು. ಕಣ್ಣು ಮುಚ್ಚಿ ಕೇಳೋಣ ಅಂತಲೂ ನೋಡಿದೆ, ಆಗಲಿಲ್ಲ. ಯಾವ ಕಾಯಿ ಎಲ್ಲಿಗೆ ಹೋಗುತ್ತೆ ಅಂತ ನೋಡಬೇಕಿತ್ತು.

ಒಂದು ತಕರಾರು ಇದೆ. ಕೊನೆಯಲ್ಲಿ ಪಹಣಿ ಕಾಗದದ ಕ್ಲೋಸಪ್ ಬೇಡ. ಅಜ್ಜಿ ಹೇಳಿದ ಮೇಲೆ ಕಾಗದ ತೋರಿಸೋದು ನಮ್ಮನ್ನ ದಡ್ಡರು ಅಂದುಕೊಂಡಂಗೆ.

ಗೂಳೂರಿನವಳು

ಗುಬ್ಬಿಯವರ ಮಾತಿಗೆ ನನ್ನದೂ ಸಹಿ. ಇದೇ ಮೊದಲು, ಬರೆದಿಟ್ಟುಕೊಳ್ಳಿ.

ಸದ್ದು ಮಾಡದ ಕಾಯಿಗಳನ್ನ ಬೇರೆ ಇಟ್ಟಿದ್ದಾರಲ್ಲ, ಅವು ಏನಾದವು?

ತೋಟದಮನೆ ಹುಡುಗ

ಕಾಗದದ ಕ್ಲೋಸಪ್ ತೆಗೆದೆ. ಸದ್ದು ಮಾಡದವನ್ನ ನಾನೂ ಕೇಳಿದೆ. 'ಅದಿನ್ನೂ ಒಳಗೆ ಹೇಳ್ಕೊಂಡಿಲ್ಲ' ಅಂದಳು. ವಾಪಸ್ ಅಟ್ಟಕ್ಕೆ ಹೋದವು.

ನಿನ್ನೆ ಅದೇ ಮಹಡಿ, ಅದೇ ಪಂಚೆ, ಮತ್ತೆ ಹಾಕಿದೆವು. ಚಿಕ್ಕಪ್ಪ ಮಲಗಲಿಲ್ಲ. ಲೈಟ್ ಹಾಕಿದ ಮೇಲೆ ಸಿನಿಮಾ ಬಗ್ಗೆ ಒಂದು ಮಾತೂ ಇಲ್ಲ, ಸೀದಾ ಅಪ್ಪನ ಕಡೆ ತಿರುಗಿ 'ಅವ್ವ ನಿನ್ನ ಹತ್ತಿರ ಹೇಳಿದ್ದಳಾ ಇದನ್ನ?' ಅಂದರು. ಅಪ್ಪ ಇಲ್ಲ ಅಂದರು. 'ಮತ್ತೆ ನೀನು ಯಾಕೆ ಕೇಳಲಿಲ್ಲ' ಅಂತ ಚಿಕ್ಕಪ್ಪ. 'ನೀನು ಕೇಳಿದ್ಯಾ' ಅಂತ ಅಪ್ಪ. ಊಟ ಮುಗಿಯೋವರೆಗೂ ಇಬ್ಬರೂ ಜೋರು ಜೋರು. ಸಿನಿಮಾ ನೋಡೋಕೆ ಬಂದವರು ತಟ್ಟೆ ಹಿಡಿದುಕೊಂಡು ಇವರನ್ನೇ ನೋಡುತ್ತಾ ನಿಂತಿದ್ದರು.

ಸೌಂಡ್ ಸರಿಯಿಲ್ಲ

ರೆಕಾರ್ಡರ್ ಬ್ಯಾಗಿನಲ್ಲೇ ಇತ್ತು. ಕೈ ಹೋಗಿತ್ತು, ಆಮೇಲೆ ಊಟಕ್ಕೆ ಕೂತೆ.